ತಾರ್ನಾಕದ ಗೇಟಿನಲ್ಲಿ ಹನಮವ್ವನ ಮುಖ

ಫ್ಲೆಕ್ಸಿನಲ್ಲಿ ಹನಮವ್ವನ ಮೂಗಿನ ನತ್ತು ನನ್ನ ಅಂಗೈಯಷ್ಟಿತ್ತು. ಕೈ ಇಟ್ಟು ನೋಡಿದೆ, ಸರಿಯಾಗಿ ಅಷ್ಟೇ.

ನಾನು ಕಲಬುರಗಿಯಿಂದ ಹೊರಟದ್ದು ಅದರ ಹಿಂದಿನ ದಿನ, ಬೆಳಗಿನ ರೈಲಿಗೆ. ತಾರ್ನಾಕದ ಒಂದು ಸಂಸ್ಥೆಯಲ್ಲಿ ವಿಚಾರ ಸಂಕಿರಣವಿತ್ತು. ವಸಾಹತುಶಾಹಿಯ ಚರಿತ್ರೆಯನ್ನು ಅದನ್ನು ಉಂಡವರ ಕಡೆಯಿಂದ ಬರೆಯುವುದು ಹೇಗೆ ಎಂಬುದು ವಿಷಯ. ನನಗೆ ಇಪ್ಪತ್ತು ನಿಮಿಷ ಕೊಟ್ಟಿದ್ದರು. ವಾಡಿಯಲ್ಲಿ ಚಹಾ, ತಾಂಡೂರಿನಲ್ಲಿ ಎರಡು ವಡೆ. ಹನ್ನೊಂದರ ಸುಮಾರಿಗೆ ಬೇಗಂಪೇಟೆಯಲ್ಲಿ ಇಳಿದಾಗ ಪ್ಲಾಟ್‌ಫಾರ್ಮಿನ ಕಲ್ಲು ಚಪ್ಪಲಿಯ ಮೂಲಕವೇ ಸುಡುತ್ತಿತ್ತು. ಲಾಡ್ಜಿನಲ್ಲಿ ಚೀಲ ಇಟ್ಟು, ಎರಡು ಪುಡಿಕೆ ಬಿಸ್ಕಿಟ್ ಕೊಂಡು, ನೂರೈವತ್ತು ರೂಪಾಯಿಗೆ ಆಟೋ ಮಾಡಿ ಸನತ್‌ನಗರಕ್ಕೆ ಹೋದೆ.

ಹನಮವ್ವ ಅಲ್ಲಿನ ಕಾರ್ಖಾನೆಗಳ ಹಿಂದಿನ ತಗಡಿನ ಶೆಡ್ಡಿನಲ್ಲಿ ಮಗಳು ರೇಣುಕಾಳ ಜತೆ ಇದ್ದರು. ಈ ಎರಡೂ ಹೆಸರು ನಾನು ಕೊಟ್ಟವು. ಅವರ ಜಾತಿಯ ಹೆಸರನ್ನು ಇಲ್ಲಿ ಬರೆಯುವುದಿಲ್ಲ. ಅವರಿಬ್ಬರೂ ಈಗ ಬೇರೆ ಊರಿನಲ್ಲಿದ್ದಾರೆ, ಬರೀರಿ ಎಂದಿದ್ದಾರೆ, ಅದಕ್ಕೇ ಬರೆಯುತ್ತಿದ್ದೇನೆ. ಬ್ರಿಟಿಷರು ಒಂದು ಕಾನೂನು ಮಾಡಿ ಕೆಲವು ಜಾತಿಗಳವರನ್ನು ಹುಟ್ಟಾ ಕಳ್ಳರೆಂದು ಸಾರಿದ್ದರು. ಹನಮವ್ವನ ಅಜ್ಜಿ ಬೆಳೆದದ್ದು ಹುಬ್ಬಳ್ಳಿ ಕಡೆ ಅಂಥವರನ್ನು ಕೂಡಿಹಾಕಿದ್ದ ತಂತಿಬೇಲಿಯೊಳಗೆ, ದಿನಕ್ಕೆರಡು ಸಲ ಪೊಲೀಸರ ಮುಂದೆ ಹಾಜರಿ ಹೇಳುತ್ತ. ಸ್ವಾತಂತ್ರ್ಯ ಬಂದ ಮೇಲೆ ಕಾನೂನು ಹೋಯಿತು, ಗುಮಾನಿ ಹೋಗಲಿಲ್ಲ. ಆ ಅಜ್ಜಿಯ ಕಥೆಯನ್ನು ನಾನು ಎರಡು ವರ್ಷ ಹನಮವ್ವನ ಬಾಯಿಂದ ಕೇಳಿ ಬರೆದುಕೊಂಡಿದ್ದೆ.

"ಬರ್ರಿ ಅಕ್ಕಾರ. ಇಷ್ಟ ಓದೀರಿ, ಬಿಸಲಾಗ ಛತ್ರಿ ಹಿಡಕೋಬೇಕು ಅನ್ನೂದು ಯಾವ ಪುಸ್ತಕದಾಗೂ ಇರಲಿಲ್ಲೇನ್ರಿ?" ಎಂದು ಹನಮವ್ವ ನಕ್ಕರು. ರೊಟ್ಟಿ, ಪುಂಡಿಪಲ್ಲೆ ಬಡಿಸಿದರು. "ನಾಳಿ ನಮ್ಮ ಅಜ್ಜಿ ಕತಿ ಕೇಳಾಕ ಯಾರ್ಯಾರು ಬರತಾರ?"

"ದೊಡ್ಡ ದೊಡ್ಡ ಪ್ರೊಫೆಸರ್‌ಗಳು."

"ಹಂಗಾರ ಮನಿಗಿ ಕೀಲಿ ಹಾಕ್ಕೊಂಡ ಬರ್ರಿ ಅಂತ ಮೊದಲ ಹೇಳಿಬಿಡ್ರಿ!"

ರೇಣುಕಾ ನಗಲಿಲ್ಲ. ಅವಳು ತಾರ್ನಾಕದ ಒಂದು ಮನೆಯಲ್ಲಿ ಮೂರು ವರ್ಷದಿಂದ ಅಡಿಗೆ ಮಾಡುತ್ತಿದ್ದಳು. ಸರ್ಕಾರಿ ನೌಕರಿಗೆಂದು ಎಂದೋ ಧಾರವಾಡ ಕಡೆಯಿಂದ ಬಂದು ನೆಲೆಸಿದ ಮನೆತನ. ರೊಟ್ಟಿ ಬಡಿಯುವ ಕೈ ಬೇಕೆಂದು ಇಟ್ಟುಕೊಂಡಿದ್ದರು. ಅಲ್ಲಿ ಮೊದಲು ಕಸಮುಸುರೆಗೆ ಹೋಗುತ್ತಿದ್ದವರು ಹನಮವ್ವನೇ. ಜಾತಿ ಕೇಳಿದಾಗ ಬೇರೊಂದು ಜಾತಿಯ ಹೆಸರು ಹೇಳಿದ್ದರು.

"ನಮ್ಮ ಹೆಸರು ಎಲ್ಲೂ ಬರೂದಿಲ್ಲಲ್ರಿ, ಅಕ್ಕಾರ?" ಎಂದು ರೇಣುಕಾ ಕೇಳಿದಳು.

"ಇಲ್ಲ" ಎಂದೆ.

ಮರುದಿನ ಒಂಬತ್ತಕ್ಕೆ ಮೆಟ್ರೋದಲ್ಲಿ ತಾರ್ನಾಕಕ್ಕೆ ಬಂದೆ. ಸಂಸ್ಥೆಯ ಗೇಟಿಗೆ ಹತ್ತಡಿಯ ಫ್ಲೆಕ್ಸ್ ಕಟ್ಟಿದ್ದರು. ಮೇಲೆ ಸಂಕಿರಣದ ಹೆಸರು, ನಡುವೆ ಹನಮವ್ವನ ಮುಖ, ಮುಖದ ಕೆಳಗೆ ಇಂಗ್ಲಿಷಿನಲ್ಲಿ ನಾಲ್ಕು ಸಂಗತಿ: ನಿಜ ಹೆಸರು, ಜಾತಿ, ಊರು, ವಯಸ್ಸು.

ಪ್ರಬಂಧದಲ್ಲಿ ನಾನು ಹೆಸರು ಬದಲಿಸಿದ್ದೆ. ಆದರೆ ಆಯ್ಕೆ ಸಮಿತಿಯವರು, ತಮಗೆ ಮಾತ್ರ ಎಂದು ಹೇಳಿ, ಕ್ಷೇತ್ರಕಾರ್ಯದ ಒಂದು ಫೋಟೋ ಕೇಳಿದ್ದರು. ಕಳಿಸಿದ್ದೆ. ಫೋಟೋದ ಫೈಲಿಗೆ ನಾನು ಇಟ್ಟಿದ್ದ ಹೆಸರೇ ಅದು: ಹೆಸರು, ಜಾತಿ, ಊರು, ವಯಸ್ಸು. ನಮ್ಮ ವಿಭಾಗದಲ್ಲಿ ಎಲ್ಲರೂ ಹಾಗೇ ಇಡುತ್ತೇವೆ, ಹುಡುಕಲು ಸುಲಭವೆಂದು. ಪತ್ರಾಗಾರದಲ್ಲಿ ಆ ತಂತಿಬೇಲಿಯ ಪೊಲೀಸ್ ರಿಜಿಸ್ಟರನ್ನು ನಾನು ತಿಂಗಳುಗಟ್ಟಲೆ ಓದಿದ್ದೇನೆ. ಅದರ ಅಂಕಣಗಳೂ ಇವೇ, ಇದೇ ಸಾಲಿನಲ್ಲಿ. ಆ ರಿಜಿಸ್ಟರಿನ ಕ್ರೌರ್ಯದ ಬಗ್ಗೆ ಹದಿನಾರು ಪುಟ ಬರೆದವಳು ನಾನು. ನನ್ನ ಲ್ಯಾಪ್‌ಟಾಪಿನಲ್ಲಿ ಅದನ್ನೇ ತುಂಬಿಸುತ್ತಿದ್ದೇನೆ ಎಂದು ಒಮ್ಮೆಯೂ ಹೊಳೆದಿರಲಿಲ್ಲ.

ಸಂಚಾಲಕರು ಒಳಗೆ ಇಡ್ಲಿ ತಿನ್ನುತ್ತಿದ್ದರು. ಇದೇ ವಿಷಯದಲ್ಲಿ ಹೆಸರು ಮಾಡಿದವರು.

"ಎಂಥ ಶಕ್ತಿಯುತ ಮುಖ!" ಎಂದರು ಇಂಗ್ಲಿಷಿನಲ್ಲಿ. "ನಿನ್ನೆ ಸಂಜೆಯೇ ಕಟ್ಟಿಸಿದೆ. ಎಲ್ಲರೂ ನಿಂತು ನೋಡುತ್ತಿದ್ದಾರೆ."

"ಸರ್, ದಯವಿಟ್ಟು ತೆಗೆಸಿ. ಅವರಿಗೆ ಕಾಣಿಸಿಕೊಳ್ಳುವುದು ಬೇಡ. ಮಾತು ಕೊಟ್ಟಿದ್ದೇನೆ."

"ಕಾಣದವರನ್ನು ಕಾಣಿಸುವುದೇ ನಮ್ಮ ಕೆಲಸ ಅಲ್ಲವೇ? ಆ ಸಂಕೋಚವೂ ವಸಾಹತುಶಾಹಿಯದೇ ಕೊಡುಗೆ. ನೋಡಿ, ಇದನ್ನು ನಿಮ್ಮ ಪ್ರಬಂಧದಲ್ಲಿ ಸೇರಿಸಬಹುದು." ಚಟ್ನಿ ಹಾಕಿಸಿಕೊಂಡರು. "ಊಟದ ನಂತರ ನೋಡೋಣ."

ನಾನು ಜೋರಾಗಿ ಮಾತನಾಡುವವಳಲ್ಲ. ಅಲ್ಲೂ ಆಡಲಿಲ್ಲ. ಪ್ರಬಂಧ ಓದುವುದಿಲ್ಲ ಎಂದಷ್ಟೇ ಹೇಳಿ ಹೊರಗೆ ಬಂದು ಕಾವಲುಗಾರನ ಹತ್ತಿರ ಬ್ಲೇಡ್ ಕೇಳಿದೆ. ಕುರ್ಚಿಯ ಮೇಲೆ ನಿಂತು ನಾಲ್ಕೂ ಮೂಲೆಯ ಹಗ್ಗ ಕೊಯ್ದೆ.

"ಏಂ ಮೇಡಂ, ಪ್ರೋಗ್ರಾಂ ಅಯಿಪೋಯಿಂದಾ?" ಎಂದ ಆತ, ಇಷ್ಟು ಬೇಗ ಮುಗಿಯಿತೇ ಎಂಬ ಆಶ್ಚರ್ಯದಿಂದ.

"ಅಯಿಪೋಯಿಂದಿ" ಎಂದೆ.

ಅಷ್ಟರೊಳಗೆ ಒಂದು ಸಂಜೆ, ಒಂದು ಬೆಳಗು ಕಳೆದಿದ್ದವು. ತಾರ್ನಾಕದಲ್ಲಿ ವಾಕಿಂಗಿಗೆ ಬರುವವರು ಬಹಳ.

ಮಧ್ಯಾಹ್ನ ರೇಣುಕಾ ಫೋನು ಮಾಡಿದಳು. ಬರ್ರಿ ಎಂದಳು, ಕಾರಣ ಹೇಳಲಿಲ್ಲ. ಸನತ್‌ನಗರ ಮುಟ್ಟಿದಾಗ ತಾಯಿ ಮಗಳು ಶೆಡ್ಡಿನ ಮುಂದೆ ಕೂತಿದ್ದರು.

"ಕೆಲಸ ಮುಗಿಸಿ ಹೊಂಟಿದ್ದೆ," ಎಂದಳು ರೇಣುಕಾ. "ಮನಿ ಬಾಯಾರು ಬಾಗಲದಾಗ ನಿಂತು, ಚೀಲಾ ತಗದು ತೋರಸು ಅಂದ್ರು. ಮೂರು ವರ್ಷದಾಗ ಒಂದ ದಿನಾ ಅಂದಿದ್ದಿಲ್ಲ. ಗೇಟಿನ್ಯಾಗ ನಿಮ್ಮವ್ವನ ಫೋಟೋ ನೋಡೀನಿ, ಖರೇ ಏನು ಅಂತ ಕೇಳಿದ್ರು. ನಾನು ಬಾಯಿ ಬಿಡಲಿಲ್ಲ. ಅಲ್ಲಂದ್ರ ನಾಳಿ ಬಾ, ಹೌದಂದ್ರ ಬರಬ್ಯಾಡ ಅಂದ್ರು."

ನಾನು ಫೈಲಿನ ಸಂಗತಿಯನ್ನು ಹೇಳಿದೆ, ಏನೂ ಮುಚ್ಚಿಡದೆ. ಹನಮವ್ವ ಪೂರ್ತಿ ಕೇಳಿದರು.

"ನಮ್ಮ ಅಜ್ಜಿದು ಪೊಲೀಸರು ಬರಕೊಂಡ್ರು. ನಂದು ನೀವು ಬರಕೊಂಡ್ರಿ. ಅವರು ಲಾಠಿ ಹಿಡಕೊಂಡ ಬಂದಿದ್ರು, ನೀವು ಬಿಸ್ಕಿಟ್ ಹಿಡಕೊಂಡ ಬಂದ್ರಿ. ಇಷ್ಟ ಫರಕು ನೋಡ್ರಿ."

ತಪ್ಪಾಯಿತು ಎಂದೆ.

"ತಪ್ಪಾತು ಅಂದ್ರ ಮಗಳ ಕೆಲಸ ತಿರುಗಿ ಬರತೈತೇನು? ನಾಳಿ ಮುಂಜಾನೆ ಇಕಿ ಜೋಡಿ ಬಾಯಾರ ಮನಿಗಿ ಹೋಗ್ರಿ. ಅದು ಸುಳ್ಳು, ಇವರು ಆ ಮಂದಿ ಅಲ್ಲ ಅಂತ ಹೇಳ್ರಿ. ನಾವು ಹೇಳಿದ್ರ ನಂಬೂದಿಲ್ಲ. ಓದಿದವರ ಮಾತು ನಂಬತಾರ."

ಲಾಡ್ಜಿಗೆ ಮರಳುವ ದಾರಿಯುದ್ದಕ್ಕೂ ಮೈ ಉರಿಯುತ್ತಿತ್ತು. ಸಂಚಾಲಕರ ಮೇಲೆ, ಚೀಲ ತೆರೆಸಿದ ಆ ಹೆಂಗಸಿನ ಮೇಲೆ, ಎಲ್ಲಕ್ಕಿಂತ ನನ್ನ ಅಚ್ಚುಕಟ್ಟುತನದ ಮೇಲೆ. ಆ ಜಾತಿಯವರ ಹೆಸರಿಗೆ ಅಂಟಿಸಿದ ಕಳಂಕ ಸುಳ್ಳೆಂದು ಜಗತ್ತಿಗೆ ಹೇಳುವುದು ನನ್ನ ಪ್ರಬಂಧದ ಉದ್ದೇಶವಾಗಿತ್ತು. ಈಗ ಆ ಜಾತಿಯೇ ಇವರದಲ್ಲ ಎಂದು ಹೇಳಬೇಕಿತ್ತು.

ಮರುದಿನ ಬೆಳಿಗ್ಗೆ ಏಳಕ್ಕೆ ರೇಣುಕಾಳ ಜತೆ ತಾರ್ನಾಕದ ಆ ಮನೆಯ ಕರೆಗಂಟೆ ಒತ್ತಿದೆ. ಬಾಗಿಲು ತೆರೆದ ಹೆಂಗಸಿಗೆ ನಾನು ಯಾರು, ಎಲ್ಲಿ ಸಂಶೋಧನೆ ಮಾಡುತ್ತೇನೆ ಎಂದು ಹೇಳಿ ಗುರುತಿನ ಚೀಟಿ ತೋರಿಸಿದೆ. ಪ್ರೆಸ್ಸಿನಲ್ಲಿ ತಪ್ಪಾಗಿ ಬೇರೆ ಯಾರದೋ ಜಾತಿ ಆ ಫೋಟೋದ ಕೆಳಗೆ ಬಿದ್ದಿದೆ, ನಿಮ್ಮ ರೇಣುಕಾಳ ತಾಯಿ ಆ ಪೈಕಿ ಅಲ್ಲ ಎಂದೆ. ಒಂದು ಸಲವೂ ತಡವರಿಸಲಿಲ್ಲ.

"ನನಗ ಆಗಲೇ ಅನ್ನಿಸಿತ್ತು ನೋಡ್ರಿ," ಎಂದು ಅವರು ನಿರಾಳವಾಗಿ ನಕ್ಕು ರೇಣುಕಾಳಿಗೆ ದಾರಿ ಬಿಟ್ಟರು. "ಇಷ್ಟು ಸ್ವಚ್ಛ ಹುಡುಗಿ. ಆ ಕಳ್ಳ ಮಂದ್ಯಾಗ ಇಂಥವರು ಎಲ್ಲಿ ಹುಟ್ಟತಾರ್ರಿ?"

ರೇಣುಕಾ ಹೊಸ್ತಿಲ ಮೇಲೆ ನಿಂತು ನನ್ನ ಮುಖ ನೋಡಿದಳು.

"ಹೌದ್ರಿ" ಎಂದೆ.