ಮಾತು ತುಂಬಿದ ಕರ್ಚಿಕಾಯಿ

ಶಹಾಪುರದ ನಮ್ಮ ಓಣಿಯ ಆ ದೊಡ್ಡ ದನಿಯ ನೆರೆಮನೆಯಾಕೆಯನ್ನು ನೆನೆದು ಇಂದಿಗೂ ಕೈ ಮುಗಿಯುತ್ತೇನೆ. ಹೊಸ್ತಿಲು ದಾಟಿ ಬಂದವರಿಗೆಲ್ಲ ಆಕೆ, "ಮೊದಲ ಬಾಯಿ ತೆಗಿ, ಮಾತು ಆಮ್ಯಾಲ" ಅನ್ನುತ್ತ ತಿನಿಸನ್ನು ನೇರ ಬಾಯಿಗೇ ಇಡುತ್ತಿದ್ದಳು.

ನಮ್ಮೂರ ಕಾಲುವೆಗೆ ಮೊದಲ ಸಲ ನೀರು ಬಿಟ್ಟ ವರ್ಷ ನನ್ನ ಅವ್ವ ತೀರಿಕೊಂಡಳು. ನಾನು ಅಳಲಿಲ್ಲ, ಉಣ್ಣಲೂ ಇಲ್ಲ. ಅಪ್ಪ ಸೋತು ನನ್ನನ್ನು ಆಕೆಯ ಮನೆಗೆ ಕರೆತಂದ. ಆಕೆ ಕರ್ಚಿಕಾಯಿ ಮಾಡುತ್ತಿದ್ದಳು.

"ಈ ಕಾಲುವಿ ನೀರು ಬರೂ ಕಡಿ ಒಂದು ರಾಜ್ಯ ಅದ," ಎಂದಳು. "ಅಲ್ಲಿ ಯಾರರ ಸತ್ರ, ಮನಿಯವ್ರು ಕರ್ಚಿಕಾಯಿಯೊಳಗ ಒಂದು ಮಾತು ಹೇಳಿ, ಮುಚ್ಚಿ ಕರೀತಾರ. ಅದನ್ನ ತಿಂದ್ರ ಆ ಮಾತು ಸತ್ತವ್ರಿಗೆ ಮುಟ್ಟತದ."

"ಖರೇನಾ?"

"ಹೇಳಿ ನೋಡು, ಎಣ್ಣಿ ಕಾದದ."

ತನಗೆ ಕೇಳಿಸಬಾರದೆಂದು ಆಕೆ ಗೋಡೆಯತ್ತ ಮುಖ ತಿರುಗಿಸಿದಳು. ನಾನು ಹೂರಣದ ಮೇಲೆ ಬಗ್ಗಿ, "ಅವ್ವಾ, ಹೇಳದ ಯಾಕ ಹೋದಿ?" ಎಂದೆ. ಆಕೆ ಅಂಚು ಒತ್ತಿ ಕರಿದು ಕೊಟ್ಟಳು. ಮೊದಲ ತುತ್ತಿಗೇ ಅಳು ಒತ್ತರಿಸಿ ಬಂತು. ಅಳುತ್ತಲೇ ಪೂರಾ ತಿಂದೆ.

ಆಮೇಲೆ ಆಕೆ ಇನ್ನೊಂದಕ್ಕೆ ಹೂರಣ ತುಂಬಿ, ತುಟಿಯ ಹತ್ತಿರ ತಂದು ತಾನೂ ಏನೋ ಪಿಸುಗುಟ್ಟಿದಳು. ಯಾರಿಗೆಂದು ನಾನು ಕೇಳಲಿಲ್ಲ. ಕರಿದ ಮೇಲೆ ಅದನ್ನು ಮುರಿದು ಅರ್ಧ ನನಗೆ ಕೊಟ್ಟಳು.