ಡಬ್ಬಿ ವಾಪಸ್ ಹೋಗುವ ತನಕ ಕರೆಂಟಿಲ್ಲ

ಬೆಳಗಿನ ಐದೂಮುಕ್ಕಾಲು. ಕರಿಹಾಳ ಕ್ರಾಸಿನ ವಿದ್ಯುತ್ ಸ್ಟೇಷನ್ನಿನಲ್ಲಿ ಚಂಬವ್ವ ಗುಡದಿನ್ನಿ ಅವರ ಮೇಜಿನ ಮೇಲೆ ತಂಬಾಕಿನ ಎರಡು ಡಬ್ಬಿಗಳಿವೆ. ಒಂದು ಲೈನ್‌ಮನ್ ಶಿವಪುತ್ರನದು, ಇನ್ನೊಂದು ಲಾಲಸಾಬನದು. ಇಬ್ಬರೂ ಒಂದೇ ಲೈನಿನ ಬೇರೆ ಬೇರೆ ಕಂಬ ಹತ್ತಿದ್ದಾರೆ. ಆ ಲೈನಿಗೆ ಕರೆಂಟು ಬಿಡುವ ಹಿಡಿಕೆಗೆ ಚಂಬವ್ವ ಬೀಗ ಜಡಿದು, ಬೀಗದಕೈಯನ್ನು ಸೆರಗಿನ ತುದಿಗೆ ಗಂಟು ಹಾಕಿಕೊಂಡಿದ್ದಾರೆ.

ಡಬ್ಬಿಯ ಪದ್ಧತಿ ಇಲಾಖೆಯ ಯಾವ ಪುಸ್ತಕದಲ್ಲೂ ಇಲ್ಲ. ಕೆಲಸ ಮುಗಿಯಿತೆಂದು ಫೋನಿನಲ್ಲಿ ಹೇಳಿದರೆ ಬೇರೆಯವರ ಪಾಳಿಯಲ್ಲಿ ನಡೆಯುತ್ತದೆ, ಇವರ ಪಾಳಿಯಲ್ಲಿ ನಡೆಯುವುದಿಲ್ಲ. "ತಂಬಾಕ ಬಿಟ್ಟು ತಾಸೊತ್ತು ಇರೂ ಮಂದಿ ಅಲ್ರಿ ಇವರು. ಡಬ್ಬಿ ಇಸಗೊಂಡ್ರ ತಾವ ಓಡಿ ಬರ್ತಾರ. ಮಾರಿ ನೋಡಿದ ಮ್ಯಾಲ ಕರೆಂಟ ಬಿಡತೀನಿ" ಎನ್ನುತ್ತಾರೆ. ತಂಬಾಕು ಹಾಕದವರು ಬುತ್ತಿಗಂಟು ಇಟ್ಟು ಹೋಗಬೇಕು.

ಹನ್ನೊಂದು ವರ್ಷದ ಹಿಂದೆ ಅವರ ಗಂಡ ಮಲಕಪ್ಪ ಕಂಬದ ಮೇಲಿದ್ದಾಗ ಯಾರೋ ಸ್ಟೇಷನ್ನಿಗೆ ಫೋನ್ ಮಾಡಿ "ಎಲ್ಲಾರೂ ಇಳದಾರ" ಎಂದಿದ್ದರು. ಅಷ್ಟು ಕೇಳಿ ಕರೆಂಟು ಬಿಟ್ಟರು, ಮಲಕಪ್ಪ ಉಳಿಯಲಿಲ್ಲ. ಅನುಕಂಪದ ನೌಕರಿಗೆ ಅರ್ಜಿ ಹಾಕಲು ಇದ್ದದ್ದು ಒಂದೇ ವರ್ಷ. ನೌಕರಿ ಮೈದುನನಿಗೆ ಬರಲೆಂದು ಅತ್ತೆ ಒಪ್ಪಿಗೆಪತ್ರಕ್ಕೆ ಹೆಬ್ಬೆಟ್ಟು ಒತ್ತದೆ ಹತ್ತು ತಿಂಗಳು ಕಾಡಿದರು. ಕೊನೆಗೆ ಆದೇಶ ಕೈಗೆ ಬಂದಾಗ "ಗಂಡನ್ನ ನುಂಗಿ ನೌಕರಿ ಹಿಡದ್ಲು" ಎಂದು ಓಣಿ ಆಡಿಕೊಂಡಿತು. ಇಬ್ಬರು ಹೆಣ್ಣುಮಕ್ಕಳನ್ನು ಕಟ್ಟಿಕೊಂಡು ಚಂಬವ್ವ ಬಂದು ಕೂತದ್ದು ಇದೇ ಮೇಜಿಗೆ.

ಎಂಟು ತಾಸಿನ ಪಾಳಿ, ಏಳು ಲೈನು, ಇಪ್ಪತ್ಮೂರು ಊರು. ತಾಸಿಗೊಮ್ಮೆ ರೀಡಿಂಗ್ ಬರೆಯಬೇಕು. ಅದೆಲ್ಲ ರೂಢಿಯಾಗಿದೆ, ಅಂಜಿಕೆ ಮಾತ್ರ ರೂಢಿಯಾಗಿಲ್ಲ. "ಹಿಡಕಿ ಮುಟ್ಟೂ ಮುಂದ ಇವತ್ತಿಗೂ ಮೇಜಿನ ಮ್ಯಾಲ ಡಬ್ಬಿ ಉಳದಾವೇನಂತ ಎರಡ ಸಲ ನೋಡತೀನ್ರಿ. ಅವತ್ತು ಹಿಡಕಿ ಹಾಕಿದವ್ನೂ ಕೆಟ್ಟವ್ನಲ್ಲ. ನಂಬಿದ, ಅಷ್ಟ."

ಆರೂವರೆಗೆ ಶಿವಪುತ್ರ ಒಳಗೆ ಬಂದು ಸಹಿ ಹಾಕಿ, ಡಬ್ಬಿ ಎತ್ತಿಕೊಳ್ಳುತ್ತಾನೆ.

"ಹಾಕ್ರಿ ಅಕ್ಕಾರ, ಲಾಲಸಾಬಂದೂ ಮುಗದೈತಿ."

"ಅವ ಎಲ್ಲಿ?"

"ಕಂಬ ಇಳದದ್ದು ನಾನ ಕಣ್ಣಾರೆ ನೋಡೀನಿ. ಚಾ ಕುಡ್ಯಾಕ ಹೋಗಿರ್ಬೇಕು."

ಚಂಬವ್ವ ಲಾಲಸಾಬನಿಗೆ ಫೋನ್ ಹಚ್ಚುತ್ತಾರೆ. ರಿಂಗಾಗುತ್ತದೆ, ಅವನು ಎತ್ತುವುದಿಲ್ಲ. ಅಷ್ಟರಲ್ಲಿ ಮೇಜಿನ ಫೋನು ಬಡಿದುಕೊಳ್ಳುತ್ತದೆ. ಆ ಕಡೆ ಸೆಕ್ಷನ್ ಆಫೀಸರ್. ಮೂರು ಊರಿಗೆ ನೀರಿಲ್ಲ, ಪಂಚಾಯ್ತಿಯವರು ಬೈಯುತ್ತಿದ್ದಾರೆ, ಇನ್ನು ಐದು ನಿಮಿಷದಲ್ಲಿ ಕರೆಂಟು ಬರದಿದ್ದರೆ ನೋಟಿಸು.

"ಡಬ್ಬಿ ಇಲ್ಲೇ ಐತ್ರಿ ಸರ್" ಎನ್ನುತ್ತಾರೆ ಚಂಬವ್ವ.

"ಡಬ್ಬಿ ನೋಡಿ ಇಲಾಖೆ ನಡಸ್ತೀಯೇನವ್ವಾ?"

"ನೋಟಿಸ ಕಳಸ್ರಿ. ಸಹಿ ಮಾಡಿ ಇಸಗೋತೀನಿ."

ಫೋನಿಟ್ಟ ಮೇಲೆ ಅವರು ಸೆರಗಿನ ಗಂಟನ್ನು ಮುಷ್ಟಿಯಲ್ಲಿ ಬಿಗಿಹಿಡಿದು ಗೇಟನ್ನೇ ನೋಡುತ್ತ ಕೂರುತ್ತಾರೆ. ನೋಟಿಸಿನ ಭಯ ಇಲ್ಲದಿಲ್ಲ, ದೊಡ್ಡ ಮಗಳ ನರ್ಸಿಂಗ್ ಇನ್ನೂ ಒಂದು ವರ್ಷವಿದೆ. ಶಿವಪುತ್ರ ಗೊಣಗುತ್ತ ಬೈಕ್ ಹತ್ತಿ ಹುಡುಕಲು ಹೋಗುತ್ತಾನೆ.

ಏಳು ಗಂಟೆಗೆ ಇಬ್ಬರೂ ಬರುತ್ತಾರೆ. ಲಾಲಸಾಬ ಹೇಳುತ್ತಾನೆ: "ಇಳದಿದ್ದೆ ಅಕ್ಕಾರ. ಒಂದ ತಂತಿ ಸಡ್ಲ ಕಾಣ್ತು, ಮತ್ತ ಹತ್ತಿದ್ನಿ. ಫೋನ್ ಗಾಡಿ ಚೀಲದಾಗಿತ್ತು. ಇವ ಬಂದು ಒದರಿದಾಗ ಮ್ಯಾಲ ಇದ್ನಿ."

ಚಂಬವ್ವ ಅವನ ಮುಖವನ್ನು ಒಂದು ಗಳಿಗೆ ನೋಡಿ, ಸಹಿ ಹಾಕಿಸಿಕೊಂಡು, ಡಬ್ಬಿ ಅವನ ಕೈಗಿಡುತ್ತಾರೆ. ಖಾಲಿ ಮೇಜನ್ನು ಇನ್ನೊಮ್ಮೆ ನೋಡಿ, ಬೀಗ ತೆಗೆದು ಹಿಡಿಕೆ ಎತ್ತುತ್ತಾರೆ.

ನಿಮ್ಮ ಆಸೆ ಏನು ಎಂದು ಕೇಳಿದರೆ ಬಡ್ತಿಯನ್ನೂ ಕೇಳುವುದಿಲ್ಲ, ವರ್ಗಾವಣೆಯನ್ನೂ ಕೇಳುವುದಿಲ್ಲ. ಹೊರಗೆ ಬೈಕಿನ ಮೇಲೆ ಕೂತು ತಂಬಾಕು ತಿಕ್ಕುತ್ತಿರುವ ಲಾಲಸಾಬನತ್ತ ನೋಡುತ್ತ ಹೇಳುತ್ತಾರೆ:

"ಅವನ ಹೇಣ್ತಿ ಹತ್ತನೇತ್ತಾ ಪಾಸ್ ಆಗ್ಯಾಳ್ರಿ. ಆಕಿಗೆ ನನ್ನಂಗ ನೌಕರಿ ಸಿಗಬಾರ್ದು. ಅಷ್ಟ ಸಾಕು."