ಮಲ್ಲಪ್ಪನ ಹೆಸರು ತೆಗೆದವಳು ನಾನು

ಕದ್ದವಳು ನಾನು. ಫೋನಿನಾಗ ನೋಡಿ ನೀವೆಲ್ಲ ನಕ್ಕು, 'ಒಡಪಿನ ಆಯಿ' ಅಂತ ಹೆಸರಿಟ್ಟಿರಲ್ಲ — ಆ ಒಡಪು ಒಂದೂ ನನ್ನದಲ್ಲ. ಎಲ್ಲಾ ಗಂಗವ್ವನವು.

ಗಂಗವ್ವ ಘೋಣಸಗಿಯಾಗ ನಮ್ಮ ಬಾಜೂ ಮನಿಯಾಕಿ. ಇಬ್ಬರೂ ಒಂದೇ ವರ್ಷ ಸೊಸಿಯಾಗಿ ಬಂದವರು. ನಮ್ಮ ಕಡೆ ಹೆಂಗಸರು ಗಂಡನ ಹೆಸರು ಸುಮ್ಮನೆ ಹೇಳುವುದಿಲ್ಲ. ಮದುವಿಯಾಗ, ಬಸುರಿಯ ಕುಬಸದಾಗ ಬಾಗಿಲಿಗೆ ತಡೆದು ಕೇಳಿದರೆ ಒಡಪು ಕಟ್ಟಿ, ಅದರೊಳಗೆ ಹೇಳಬೇಕು. ನನ್ನ ಬಾಯಿಗೆ ಬೈಗುಳ ಬಿಟ್ಟರೆ ಏನೂ ಬರುತ್ತಿರಲಿಲ್ಲ. ಗಂಗವ್ವ ನಿಂತ ನಿಲುವಿಗೆ ಕಟ್ಟುತ್ತಿದ್ದಳು:

"ಎರಿ ಹೊಲದಾಗ ಬಿಳಿಜ್ವಾಳ, ಒಡ್ಡಿನ ಮ್ಯಾಲ ಬೇವು,
ಮಲ್ಲಪ್ಪ ಮನಿಗಿ ಬಂದ್ರ ಮರತಹೋಗ್ತೈತಿ ನೋವು."

ಮಲ್ಲಪ್ಪ ತೀರಿಕೊಂಡ. ಗಂಡ ಸತ್ತಾಕಿಗೆ ಒಡಪು ಹೇಳು ಅಂತ ಯಾರೂ ಕೇಳುವುದಿಲ್ಲ. ಅಕಿ ಬಾಯಿ ಮುಚ್ಚಿತು. ಮುಂದೆ ನನ್ನ ಮೊಮ್ಮಗಳು ಫೋನು ಹಿಡಿದು "ಆಯಿ, ಏನರ ಹೇಳ" ಅಂದಾಗ ನನಗೆ ನೆನಪಾದದ್ದು ಅವೇ. ಮಲ್ಲಪ್ಪನನ್ನು ತೆಗೆದೆ, ನನ್ನ ಗಂಡ ಸಿದ್ದಪ್ಪನನ್ನು ಹಾಕಿದೆ. ಆಮ್ಯಾಲೆ — ವಿಜಯಪುರದ ಸಂತಿಯಾಗ ನನ್ನ ಕೂಡ ಫೋಟೊ ತೆಗೆಸಿಕೊಳ್ಳಲು ಜನ ನಿಂತರು. ಸುಳ್ಳೇಕೆ, ಹಿತವಾಗಿತ್ತು.

ಫೋನಿನಾಗ ಹೆಸರಾದವರು ಮನಿಯಾಗ ಯಾರಾಗಿರುತ್ತಾರೆ ಅಂತ ಸಾಕ್ಷ್ಯಚಿತ್ರ ಮಾಡುವ ಹುಡುಗಿಯೊಬ್ಬಳು ಬಂದಳು. ಅವತ್ತು ಗಂಗವ್ವ ನಮ್ಮ ಕಟ್ಟಿ ಮೇಲೆ ಕೂತು ನನ್ನ ತೊಗರಿ ಕೇರುತ್ತಿದ್ದಳು.

"ಆಯೀ, ಇವನ್ನೆಲ್ಲ ಕಟ್ಟಿದವರು ಯಾರ್ರಿ?" ಹುಡುಗಿ ಕೇಳಿದಳು.

"ನಾನಽ ಬೇ. ಮತ್ಯಾರು ಕಟ್ಟತಾರ?"

ಗಂಗವ್ವನ ಕೈ ನಿಂತಿತು. ಹುಡುಗಿ ಅತ್ತ ತಿರುಗಿ, "ನಿಮಗೂ ಬರ್ತಾವೇನ್ರಿ?" ಅಂದಳು.

"ನನಗೇನ ಬರ್ತಾವ್ರಿ? ಗಂಡ ಇದ್ದಾಕಿ ಹೇಳ್ತಾಳ, ಕೇಳ್ರಿ."

ಅಷ್ಟೇ ಅಂದಳು. ತೊಗರಿ ಪೂರಾ ಕೇರಿಯೇ ಎದ್ದು ಹೋದಳು — ಅರ್ಧಕ್ಕೆ ಬಿಟ್ಟು ಹೋಗಿದ್ದರೆ ನನಗೆ ಇಷ್ಟು ಸುಡುತ್ತಿರಲಿಲ್ಲ.

ನಾಕು ಸಾಲು ತಗೊಂಡೆ, ಅಷ್ಟೇ ಅಂದುಕೊಂಡಿದ್ದೆ. ಅಲ್ಲ. ಅಕಿ ತನ್ನ ಗಂಡನ ಹೆಸರು ಬಾಯಿಬಿಟ್ಟು ಹೇಳಿದ್ದು ಆ ಸಾಲಿನೊಳಗೆ ಮಾತ್ರ. ಅಲ್ಲಿಂದಲೂ ಅವನನ್ನು ಹೊರಗೆ ಹಾಕಿದೆ — ಅಕಿ ಕಣ್ಣೆದುರಿಗೇ, ನಗುನಗುತ್ತಾ... ನನ್ನ ಗಂಡ ಬದುಕಿರುವುದು ನನ್ನ ಜಾಣತನವೇನೂ ಅಲ್ಲ.

ಮರುದಿನ ಮುಂಜಾನೆ ಹುಡುಗಿ ತಿಕೋಟಾ ಬಸ್ಸಿಗೆ ನಿಂತಿದ್ದಳು. ಊರ ಮಂದಿಯೂ ಇದ್ದರು. "ಚಾಲೂ ಮಾಡ ನಿನ್ನ ಕ್ಯಾಮೆರಾ" ಅಂದೆ. "ಒಡಪು ಗಂಗವ್ವನವು. ಹೆಸರು ಬದಲಿ ಮಾಡಿ ಕದ್ದಾಕಿ ನಾ."

"ಇನ್ನೊಮ್ಮೆ ಸಾವಕಾಶ ಹೇಳ್ರಿ" ಅಂದಳು. ಹೇಳಿದೆ. ಗಂಗವ್ವನ ಮನಿತನಕ ತಾನೂ ಬರ್ತೀನಿ ಅಂದಳು. ಬ್ಯಾಡ ಅಂದೆ. ಒಬ್ಬಾಕಿನೇ ಹೋಗಿ ಅಕಿ ಬಾಗಿಲು ಬಡಿದೆ.